ಮುಂದಿನ ಸಾಲಿನ ನಗು

ಸೀನನ್ನು ಮೂಗು ಹಿಡಿದು ತಡೆಯಬಹುದು, ಆಕಳಿಕೆಯನ್ನು ಅಂಗೈ ಅಡ್ಡ ಇಟ್ಟು ಮರೆಸಬಹುದು. ನಗುವಿನ ವಿಷಯದಲ್ಲಿ ಮಾತ್ರ ನನ್ನ ದೇಹ ನನ್ನ ಮಾತು ಕೇಳುವುದಿಲ್ಲ. ನನ್ನದು ಸಣ್ಣ ನಗುವೂ ಅಲ್ಲ. ಮೊದಲು ಹೊಟ್ಟೆಯೊಳಗೆ ಎಲ್ಲೋ ಗುಡುಗು ಹುಟ್ಟುತ್ತದೆ, ಆಮೇಲೆ ಭುಜ ಕುಣಿಯುತ್ತದೆ, ಕೊನೆಗೆ ಅದು ಬಾಯಿಗೆ ಬರುವ ಹೊತ್ತಿಗೆ ಅಕ್ಕಪಕ್ಕದವರು ಎದ್ದು ನೀರು ತರಬೇಕೋ ಬೇಡವೋ ಎಂದು ಯೋಚಿಸುತ್ತಿರುತ್ತಾರೆ. ಮದುವೆಯಾದ ಹೊಸತರಲ್ಲಿ ನನ್ನ ಹೆಂಡತಿ ಶೈಲಾ ಗಾಬರಿಯಿಂದ, "ನಿಮಗೆ ಎಂತಾದ್ರೂ ಆಗ್ತಾ ಉಂಟಾ?" ಎಂದು ಬೆನ್ನು ಸವರಿದ್ದಳು. ಈಗ ಸವರುವುದಿಲ್ಲ, ಎದ್ದು ಬೇರೆ ಕುರ್ಚಿಗೆ ಹೋಗುತ್ತಾಳೆ. ಸತ್ಯನಾರಾಯಣ ಕಥೆಯ ನಡುವೆ, ಆಫೀಸಿನ ಶೋಕಸಭೆಯಲ್ಲಿ, ಒಮ್ಮೆಯಂತೂ ಹಲ್ಲಿನ ಡಾಕ್ಟರ ಕೈ ನನ್ನ ಬಾಯಿಯೊಳಗೇ ಇದ್ದಾಗ, ಹೀಗೆ ಬರಬಾರದ ಕಡೆಗಳಲ್ಲೆಲ್ಲ ಅದು ಬಂದು ನನ್ನ ಮಾನ ಕಳೆದಿದೆ. ಇಂಥ ನಗುವಿನಿಂದಲೂ ಯಾರಿಗಾದರೂ ಉಪಕಾರವಾದೀತು ಎಂದು ನಂಬಿದ ಮನುಷ್ಯ ಈ ಭೂಮಿಯ ಮೇಲೆ ಒಬ್ಬನೇ ಒಬ್ಬ. ಅವನ ಹೆಸರು ಗಾಸ್ಟನ್.

ಗಾಸ್ಟನ್ ನನ್ನ ಪಕ್ಕದ ಮೇಜಿನವನು. ಮೆಲ್ಬರ್ನಿನ ಡಾಕ್‌ಲ್ಯಾಂಡ್ಸ್‌ನಲ್ಲಿ ಆಗ ಎಲ್ಲಿ ನೋಡಿದರೂ ಕ್ರೇನುಗಳು, ಅರ್ಧ ಕಟ್ಟಿದ ಗೋಪುರಗಳು. ಹೊಸದಾಗಿ ಮುಗಿದ ಒಂದು ಕಟ್ಟಡದಲ್ಲಿ ನಮ್ಮ ಬ್ಯಾಂಕಿನ ಸಾಫ್ಟ್‌ವೇರ್ ಟೆಸ್ಟಿಂಗ್ ನಡೆಯುತ್ತಿತ್ತು. ಉಡುಪಿಯಿಂದ ಬಂದ ನಾನೂ ಮಾರಿಷಸ್‌ನಿಂದ ಬಂದ ಅವನೂ ಬೆಳಗಿನಿಂದ ಸಂಜೆಯವರೆಗೆ ಬೇರೆಯವರು ಮಾಡಿದ ತಪ್ಪುಗಳನ್ನು ಹುಡುಕುತ್ತಾ ಕೂರುತ್ತಿದ್ದೆವು. ಅವನಿಗೆ ಅರವತ್ತು ಹತ್ತಿರವಾಗಿತ್ತು. ಗಿಡ್ಡ ದೇಹ, ದೊಡ್ಡ ಕಿವಿ, ಒಂದು ಕ್ಷಣವೂ ಸುಮ್ಮನಿರದ ಹುಬ್ಬು. ಅವನ ಮನೆಮಾತು ಫ್ರೆಂಚ್. ನನಗೂ ಫ್ರೆಂಚಿಗೂ ಇದ್ದ ಸಂಬಂಧವೆಂದರೆ ಸೆಂಟಿನ ಬಾಟಲಿಯ ಮೇಲಿನ ಅಕ್ಷರಗಳು ಮಾತ್ರ. ಆದರೂ ಅವನು ಯಾರೊಂದಿಗೋ ಫೋನಿನಲ್ಲಿ ಮಾತಾಡುವಾಗ ಆ ಹುಬ್ಬು, ಆ ಏರಿಳಿತ, ನಡುವೆ ಒಮ್ಮೆಲೇ ಸ್ತಬ್ಧವಾಗುವ ರೀತಿ ನೋಡಿ ನನಗೆ ಒಂದು ದಿನ ನಗು ತಡೆಯಲಾಗಲಿಲ್ಲ. ಇಡೀ ಫ್ಲೋರ್ ತಿರುಗಿ ನೋಡಿತು. ಗಾಸ್ಟನ್ ಫೋನಿಟ್ಟು ಬಂದು, "ನಿನಗೆ ಫ್ರೆಂಚ್ ಬರುತ್ತದೆಯೇ?" ಎಂದು ಇಂಗ್ಲಿಷಿನಲ್ಲಿ ಕೇಳಿದ. ಇಲ್ಲ ಎಂದೆ. "ಮತ್ತೇಕೆ ನಕ್ಕೆ?" ಅದು ನನಗೂ ಗೊತ್ತಿರಲಿಲ್ಲ, ಕ್ಷಮೆ ಕೇಳಿದೆ. ಅವನು ಕೋಪಿಸಿಕೊಳ್ಳುವ ಬದಲು ಕುರ್ಚಿ ಎಳೆದುಕೊಂಡು ಕೂತು, ಅದೇ ಮಾತನ್ನು ಇನ್ನೊಮ್ಮೆ ಹೇಳಿದ. ನಾನು ಇನ್ನೊಮ್ಮೆ ನಕ್ಕೆ. ಆಗ ಅವನ ಮುಖದಲ್ಲಿ ಕಂಡ ಸಂತೋಷವನ್ನು ನಾನು ಸಂಬಳ ಹೆಚ್ಚಾದವರ ಮುಖದಲ್ಲೂ ಕಂಡಿಲ್ಲ.

ಆಮೇಲೆ ಗೊತ್ತಾಯಿತು, ಟೆಸ್ಟಿಂಗ್ ಅವನ ಹೊಟ್ಟೆಪಾಡು, ಅಸಲು ಕಸುಬು ಹಾಸ್ಯ. ಮಾರಿಷಸ್‌ನ ಮದುವೆ ಊಟಗಳಲ್ಲಿ ಮೈಕು ಹಿಡಿದು ಬೀಗರನ್ನು ಗೇಲಿ ಮಾಡುವುದರಿಂದ ಅವನ ವೃತ್ತಿ ಶುರುವಾಗಿತ್ತಂತೆ. ಒಂದು ಮದುವೆಯಲ್ಲಿ ಮದುಮಗನ ತಂದೆಯ ನಡಿಗೆಯನ್ನು ಅಣಕಿಸಿದ. ಆ ತಂದೆ ರೇಡಿಯೋದ ದೊಡ್ಡ ಅಧಿಕಾರಿ. ಹೊಡೆಸುತ್ತಾರೆ ಎಂದುಕೊಂಡರೆ ಕರೆದು ಕೆಲಸ ಕೊಟ್ಟರು. ಬೆಳಗಿನ ರೇಡಿಯೋದಲ್ಲಿ ಮಂತ್ರಿಗಳ, ಪಾದ್ರಿಗಳ, ಮೀನು ಮಾರುವ ಹೆಂಗಸರ ದನಿಯಲ್ಲಿ ಮಾತಾಡಿ ಹೆಸರು ಮಾಡಿದ. ಹೆಸರು ಬಂದ ಮೇಲೆ ಪ್ಯಾರಿಸ್ಸಿಗೆ ಹೋದ. ಅಲ್ಲಿಯವರು ಅವನ ಜೋಕಿಗಿಂತ ಅವನ ಉಚ್ಚಾರಣೆಗೆ ಹೆಚ್ಚು ನಕ್ಕರು. "ನಾನು ನಗಿಸಿದರೆ ನಗಲಿ ವಾಸು, ನನ್ನನ್ನು ನೋಡಿ ನಗುವುದು ಬೇಡ" ಎಂದು ಅವನು ಆ ಊರಿನ ಕತೆಯನ್ನು ಅಲ್ಲಿಗೇ ಮುಗಿಸುತ್ತಿದ್ದ. ಕೊನೆಗೆ ಹೆಂಡತಿ ಕೊಲೆಟ್‌ಳ ತಂಗಿ ಇದ್ದಾಳೆ ಎಂದು ಮೆಲ್ಬರ್ನಿಗೆ ಬಂದು, ಕಂಪ್ಯೂಟರ್ ಕಲಿತು, ನನ್ನ ಪಕ್ಕದ ಮೇಜಿಗೆ ಸೇರಿದ್ದ. ಭಾನುವಾರ ಬೆಳಿಗ್ಗೆ ಒಂದು ಕಮ್ಯುನಿಟಿ ರೇಡಿಯೋದ ಫ್ರೆಂಚ್ ಕಾರ್ಯಕ್ರಮದಲ್ಲಿ ಅವನಿಗೆ ಸ್ವಲ್ಪ ಹೊತ್ತು ಸಿಗುತ್ತಿತ್ತು, ಅದೂ ಹವಾಮಾನಕ್ಕೂ ಮರಣವಾರ್ತೆಗೂ ನಡುವೆ. ಆಗಾಗ ಒಂದು ಪಬ್ಬಿನ ಹಿಂದಿನ ಕೋಣೆಯಲ್ಲಿ ನಿಂತು ಹಾಸ್ಯ ಮಾಡುತ್ತಿದ್ದ. ಕೇಳಲು ಬರುತ್ತಿದ್ದವರಲ್ಲಿ ಕೊಲೆಟ್‌ಳ ನೆಂಟರೇ ಹೆಚ್ಚು, ಅವರಿಗೆ ಜೋಕುಗಳೆಲ್ಲ ಬಾಯಿಪಾಠವಾಗಿದ್ದವು.

ಹೀಗಾಗಿ ಊಟದ ವೇಳೆಯಲ್ಲಿ ನೀರಿನ ಪಕ್ಕದ ಬೆಂಚಿನ ಮೇಲೆ ಕೂತು ಹೊಸ ಜೋಕುಗಳನ್ನು ನನ್ನ ಮೇಲೆ ಪ್ರಯೋಗಿಸುವುದು ಅವನ ಪದ್ಧತಿಯಾಯಿತು. ನಾನು ಮೊಸರನ್ನ ಕಲೆಸುತ್ತಾ ಕೇಳುತ್ತಿದ್ದೆ. ನಾನು ನಕ್ಕ ಕಡೆ ಅವನು ಕಾಗದದ ಮೇಲೆ ಗೀಟು ಹಾಕುತ್ತಿದ್ದ, ನಗದ ಕಡೆ ಮಾತನ್ನು ಮೋಟು ಮಾಡುತ್ತಿದ್ದ. "ಅರ್ಥ ತಿಳಿದವರು ಸಭ್ಯತೆಗಾಗಿಯೂ ನಗುತ್ತಾರೆ. ನೀನು ನಕ್ಕರೆ ತಾಳ ಸರಿಯಿದೆ ಎಂದು ಲೆಕ್ಕ" ಎನ್ನುತ್ತಿದ್ದ. ನನಗೂ ಹೆಮ್ಮೆಯಾಗುತ್ತಿತ್ತು. ಜೀವಮಾನವಿಡೀ ಬೈಸಿಕೊಂಡ ನಗುವಿಗೆ ಆಸ್ಟ್ರೇಲಿಯಾದಲ್ಲಿ ಒಂದು ನೌಕರಿ ಸಿಕ್ಕಿತ್ತು. ಮನೆಯಲ್ಲಿ ಹೇಳಿದಾಗ ಶೈಲಾ, "ಸಂಬಳ ಎಷ್ಟಂತೆ?" ಎಂದು ಮಾತ್ರ ಕೇಳಿದಳು.

ಒಂದು ದಿನ ಗಾಸ್ಟನ್ ಊಟದ ಡಬ್ಬಿ ತೆರೆಯದೆ ಕೂತ. ಸಿಡ್ನಿಯ ಫ್ರೆಂಚ್ ರೇಡಿಯೋ ಕಾರ್ಯಕ್ರಮವೊಂದರ ನಿರ್ಮಾಪಕಿ ಅವನ ಪ್ರದರ್ಶನ ನೋಡಲು ಒಪ್ಪಿದ್ದಳು. ಹಿಡಿಸಿದರೆ ದೇಶಕ್ಕೆಲ್ಲ ಕೇಳಿಸುವ ಹಾಗೆ ವಾರ ವಾರ ಅವನದೇ ಹಾಸ್ಯದ ಭಾಗ. ಜನರ ನಡುವೆ ನಡೆಯುವ ಪ್ರದರ್ಶನವೇ ಬೇಕು, ಟೇಪ್ ಮಾಡಿಕೊಳ್ಳುತ್ತೇನೆ, ನಗು ಕೇಳಿಸಬೇಕು ಎಂದಿದ್ದಳಂತೆ. ಅವನು ಸಿಡ್ನಿಯ ಪಶ್ಚಿಮಕ್ಕಿರುವ ಪ್ಯಾರಮಟ್ಟಾದ ಒಂದು ಕ್ಲಬ್ಬಿನ ಪಕ್ಕದ ಹಾಲನ್ನು ಶನಿವಾರ ಮಧ್ಯಾಹ್ನಕ್ಕೆ ಬುಕ್ ಮಾಡಿಬಿಟ್ಟಿದ್ದ. "ಇದಾಗದಿದ್ದರೆ ಬಿಟ್ಟುಬಿಡುತ್ತೇನೆ ಎಂದು ಕೊಲೆಟ್‌ಗೆ ಮಾತು ಕೊಟ್ಟಿದ್ದೇನೆ" ಎಂದ. ಹುಬ್ಬು ಕುಣಿಯುತ್ತದೆಯೇ ಎಂದು ನೋಡಿದೆ, ಕುಣಿಯಲಿಲ್ಲ. "ನೀನು ಬರಬೇಕು. ಮುಂದಿನ ಸಾಲಿನಲ್ಲಿ ಕೂರಬೇಕು. ನೀನು ನಕ್ಕರೆ ನನಗೆ ದಾರಿ ಕಾಣುತ್ತದೆ." ನಾನು ತಕ್ಷಣ ಒಪ್ಪಿಕೊಂಡೆ. ಒಪ್ಪಿಕೊಂಡ ಮರುಕ್ಷಣದಿಂದ ಹೊಟ್ಟೆಯೊಳಗೆ ಏನೋ ಗಂಟು ಕಟ್ಟಿದ ಹಾಗಾಯಿತು. ಆ ವಾರವೆಲ್ಲ ಅವನು ಹೇಳಿದ ಜೋಕಿಗೆ ನಗು ಸ್ವಲ್ಪ ತಡವಾಗಿ ಬರತೊಡಗಿತು. ಅವನೂ ಅದನ್ನು ಗಮನಿಸಿದ.

ಸಿಡ್ನಿಯಲ್ಲಿ ನಾನೂ ಶೈಲಾಳೂ ಇಳಿದುಕೊಂಡದ್ದು ಪೆಂಡಲ್ ಹಿಲ್‌ನಲ್ಲಿ, ಅವಳ ಸೋದರಮಾವ ಇದ್ದ ಮನೆಯಲ್ಲಿ. ವಿಠಲ ಮಾವ ಕುಂದಾಪುರದಲ್ಲಿ ಬ್ಯಾಂಕಿನ ಗುಮಾಸ್ತರಾಗಿದ್ದವರು, ಯಕ್ಷಗಾನದ ಹುಚ್ಚಿನವರು. ಊರಿನ ಸಂಘದ ಆಟಗಳಲ್ಲಿ ಹಾಡುವ ಭಾಗವತಿಕೆ ಅವರದೇ. ಈಗ ಮಗಳ ಮನೆಯಲ್ಲಿದ್ದರು. ಮಗಳು ಅಳಿಯ ಕೆಲಸಕ್ಕೆ ಹೋದರೆ ಬಾಗಿಲು ಹಾಕಿಕೊಂಡು ಒಬ್ಬರೇ, ಮೊಮ್ಮಕ್ಕಳು ಶಾಲೆಯಿಂದ ಬಂದರೆ ಇವರು ಕನ್ನಡದಲ್ಲಿ ಕೇಳಿದ್ದಕ್ಕೆ ಇಂಗ್ಲಿಷಿನಲ್ಲಿ ಒಂದು ಶಬ್ದ ಎಸೆದು ಟಿವಿಯ ಮುಂದೆ ಕೂರುತ್ತಿದ್ದರು. ಶುಕ್ರವಾರ ಸಂಜೆ ಗಾಸ್ಟನ್‌ನ ಫೋನ್ ಬಂತು. ಟಿಕೆಟ್ ತೆಗೆದುಕೊಂಡವರು ಹಾಲಿನ ಒಂದು ಮೂಲೆಗೂ ಸಾಲುವುದಿಲ್ಲ, ಸಿಡ್ನಿಯ ಫ್ರೆಂಚರು ಸಮುದ್ರದ ಕಡೆಯ ಸಬರ್ಬ್‌ಗಳಲ್ಲಿರುವವರು, ಪ್ಯಾರಮಟ್ಟಾವರೆಗೆ ಯಾರೂ ಬರುವುದಿಲ್ಲವಂತೆ. ಖಾಲಿ ಕುರ್ಚಿಗಳ ಮುಂದೆ ಟೇಪ್ ಮಾಡಿದರೆ ಎಂಥ ನಗು ಕೇಳಿಸೀತು? ನಾನು ಫೋನಿಟ್ಟು ತಲೆಮೇಲೆ ಕೈ ಹೊತ್ತು ಕೂತೆ.

"ಎಂತ ಮಾರಾಯ, ಯಾರು ಹೋದದ್ದು?" ಎಂದರು ಮಾವ. ವಿಷಯ ಹೇಳಿದೆ. "ಇಷ್ಟೇಯಾ? ಜನ ಬೇಕಾದ್ರೆ ನಮ್ಮವರನ್ನು ಕರೆ. ಊಟ ಉಂಟು ಅಂತ ಹೇಳು, ಎಂತ ಆಟ ಅಂತ ಯಾರೂ ಕೇಳುವುದಿಲ್ಲ."

"ಮಾವ, ಅದು ಫ್ರೆಂಚಿನಲ್ಲಿ."

"ಇರಲಿ. ಆಟ ನೋಡುವವರಿಗೆಲ್ಲ ಪದ್ಯದ ಅರ್ಥ ಗೊತ್ತಿರ್ತದಾ? ಹಾಸ್ಯಗಾರ ಬಂದ ಕೂಡಲೇ ನಿದ್ದೆ ಹೋದವರೂ ಏಳುವುದಿಲ್ವಾ?"

ಮುಳುಗುವವನಿಗೆ ಇಷ್ಟು ಸಾಕಾಗಿತ್ತು. ಕನ್ನಡ ಬಳಗದ ನಾಗರಾಜ ಎಂಬ ಬೆಂಗಳೂರಿನ ಉತ್ಸಾಹಿಗೆ ಫೋನ್ ಮಾಡಿದೆ. ಅವರು ಒಂದೇ ಒಂದು ಪ್ರಶ್ನೆ ಕೇಳಿದರು. "ಸಾರ್, ಬರೋದೇನೋ ಬರ್ತೀವಿ. ಭಾಷೆ ಗೊತ್ತಿಲ್ದೆ ಎಲ್ಲಿ ನಗ್ಬೇಕು ಅಂತ ಹೆಂಗ್ ಗೊತ್ತಾಗತ್ತೆ?" ಆಗ ನಾನು ಕೊಟ್ಟ ಉತ್ತರ ನೆನೆದರೆ ಈಗಲೂ ಬೆವರು ಬರುತ್ತದೆ. "ತಲೆ ಕೆಡಿಸ್ಕೊಬೇಡಿ. ಎಲ್ಲರಿಗೂ ಹೇಳಿ, ಮುಂದಿನ ಸಾಲಿನಲ್ಲಿ ನಾನಿರ್ತೇನೆ. ನಾನು ನಕ್ಕಾಗ ನಗಿ ಸಾಕು" ಎಂದುಬಿಟ್ಟೆ.

ಶನಿವಾರ ಗಾಸ್ಟನ್ ಹಾಲಿನ ಬಾಗಿಲಲ್ಲಿ ನಿಂತು ಬಂದವರನ್ನು ನೋಡಿದ. ರೇಷ್ಮೆ ಸೀರೆ, ಜರತಾರಿ ಅಂಚಿನ ಶಲ್ಯ, ಮಕ್ಕಳು, ಮಕ್ಕಳ ಕೈಯಲ್ಲಿ ಚಕ್ಕುಲಿ. ಬಳಗದವರು ಇದನ್ನು ಬಳಗದ ಕಾರ್ಯಕ್ರಮವೆಂದೇ ತಿಳಿದು ಬಂದಿದ್ದರು. ನಾಗರಾಜರು ಬಂದವರೇ, "ದೀಪ ಯಾರ್ ಹಚ್ತಾರೆ ಸಾರ್?" ಎಂದು ಕೇಳಿ, ದೀಪವೇ ಇಲ್ಲ ಎಂದು ತಿಳಿದು ಸ್ವಲ್ಪ ಬೇಸರಪಟ್ಟರು. ಯಾವುದಕ್ಕೂ ಇರಲಿ ಎಂದು ಒಂದು ಸನ್ಮಾನದ ಶಾಲನ್ನೂ ಹಣ್ಣಿನ ತಟ್ಟೆಯನ್ನೂ ತಂದಿದ್ದರು. ಎಲ್ಲರೂ ಕೂತರು. ಎಲ್ಲಿ ಕೂತರು ಎನ್ನುವುದು ಮುಖ್ಯ. ನಮ್ಮ ಜನ ಯಾವ ಸಭೆಗೆ ಹೋದರೂ ಮುಂದಿನ ಸಾಲು ಅತಿಥಿಗಳಿಗೆ ಎಂದು ಯಾರೂ ಹೇಳದೆಯೇ ಬಿಟ್ಟುಬಿಡುತ್ತಾರೆ. ಇಲ್ಲಿ ಮುಂದಿನ ಮೂರು ಸಾಲು ಬಿಟ್ಟರು. ಬಂದ ಕೆಲವೇ ಫ್ರೆಂಚರು ಇವರ ಶಿಸ್ತು ನೋಡಿ, ಇಲ್ಲಿಯ ನಿಯಮವೇ ಹೀಗಿರಬೇಕು ಎಂದು ತಾವೂ ಹಿಂದೆಯೇ ಕೂತರು. ಆ ದೊಡ್ಡ ಬಯಲಿನ ಮುಂದೆ, ವೇದಿಕೆಯ ಬುಡದಲ್ಲಿ, ಇಬ್ಬರೇ ಇದ್ದೆವು. ಒಬ್ಬಳು ನಿರ್ಮಾಪಕಿ, ಬೆಳ್ಳಿಗೂದಲಿನ, ತೆಳ್ಳಗಿನ, ಎಲ್ಲರೂ ಮದಾಮ್ ಎನ್ನುತ್ತಿದ್ದ ಹೆಂಗಸು. ಅವಳಿಂದ ಒಂದು ಕುರ್ಚಿ ಬಿಟ್ಟು ನಾನು. ನಮ್ಮಿಬ್ಬರ ನಡುವಿನ ಕುರ್ಚಿಯ ಮೇಲೆ ಅವಳ ಟೇಪ್ ರೆಕಾರ್ಡರ್, ಅದರ ಮೈಕಿನ ಮುಖ ನನ್ನ ಕಡೆಗೆ.

ಗಾಸ್ಟನ್ ಬಂದ, ಬಗ್ಗಿ ವಂದಿಸಿದ, ಮೊದಲ ಜೋಕು ಹೇಳಿದ. ಡಾಕ್‌ಲ್ಯಾಂಡ್ಸ್‌ನ ಬೆಂಚಿನ ಮೇಲೆ ನನ್ನ ಮೊಸರನ್ನ ನೆತ್ತಿಗೇರುವ ಹಾಗೆ ಮಾಡಿದ್ದ ಜೋಕು ಅದು. ಅದೇ ಹುಬ್ಬು, ಅದೇ ಏರಿಳಿತ, ಅದೇ ಸ್ತಬ್ಧತೆ. ಆ ಸ್ತಬ್ಧತೆಯಲ್ಲಿ ಅವನು ನನ್ನ ಕಡೆ ನೋಡಿದ. ನಾನು ಹೊಟ್ಟೆಯೊಳಗಿನ ಗುಡುಗಿಗೆ ಕಾದೆ. ಗುಡುಗು ಬರಲಿಲ್ಲ. ಹಿಂದಿನಿಂದ ಫ್ರೆಂಚರ ಒಂದೆರಡು ಸಣ್ಣ ನಗು ಕೇಳಿ ನಿಂತಿತು. ನಮ್ಮವರೆಲ್ಲ ನನ್ನ ಬೆನ್ನನ್ನೇ ನೋಡುತ್ತಿದ್ದಾರೆ ಎಂದು ತಿರುಗದೆಯೇ ಗೊತ್ತಾಗುತ್ತಿತ್ತು. ಅವರೆಲ್ಲರ ನಗು ನನ್ನ ಗಂಟಲಲ್ಲಿ ಸಿಕ್ಕಿಕೊಂಡಿತ್ತು. ಎರಡನೆಯ ಜೋಕು ಬಂತು, ಹೋಯಿತು. ಇನ್ನು ಬಲವಂತವಾಗಿಯಾದರೂ ನಗಲೇಬೇಕು ಎಂದು ಬಾಯಿ ತೆರೆದೆ, ಕೆಮ್ಮು ಬಂತು. ನಾನು ಕೆಮ್ಮಿದ್ದನ್ನೇ ಸೂಚನೆ ಎಂದು ತಿಳಿದ ನಾಗರಾಜರು ಹಿಂದಿನಿಂದ ಒಂದು ಸಲ ಕೆಮ್ಮಿದರು. ಅವರ ಹಿಂದೆ ಇನ್ನಾರೋ ಕೆಮ್ಮಿದರು. ಮದಾಮ್ ಮೈಕನ್ನು ಮೆಲ್ಲಗೆ ಬೇರೆ ಕಡೆ ತಿರುಗಿಸಿದಳು.

ಗಾಸ್ಟನ್‌ನ ಹಣೆಯಿಂದ ಬೆವರು ಇಳಿಯುತ್ತಿತ್ತು. ಅವನು ವೇಗ ಹೆಚ್ಚಿಸಿದ, ನಿಲ್ಲಬೇಕಾದ ಕಡೆ ನಿಲ್ಲದೆ ಓಡಿದ, ಒಂದು ಕಡೆ ಮಾತು ಮರೆತು ಹಿಂದಿನದನ್ನೇ ಮತ್ತೆ ಹೇಳಿದ. ಬಾಗಿಲ ಬಳಿ ನಿಂತಿದ್ದ ಕೊಲೆಟ್ ನೆಲ ನೋಡುತ್ತಿದ್ದಳು. ನಾನು ಜೀವನದಲ್ಲಿ ನಗು ಬಂದ ಎಲ್ಲ ಸಂದರ್ಭಗಳನ್ನೂ ಒಂದೊಂದಾಗಿ ನೆನಪಿಗೆ ತಂದುಕೊಂಡೆ. ನಮ್ಮ ಹೈಸ್ಕೂಲಿನ ಲೆಕ್ಕದ ಮೇಷ್ಟ್ರು ಕುರ್ಚಿಯಿಂದ ಬಿದ್ದದ್ದು, ನನ್ನ ಮದುವೆಯಲ್ಲಿ ಪುರೋಹಿತರ ಮೊಬೈಲ್ ಹಾಡಿದ್ದು. ಒಂದೂ ನಗು ತರಿಸಲಿಲ್ಲ, ಎಲ್ಲವೂ ದುಃಖದ ಘಟನೆಗಳಂತೆ ಕಂಡವು. ಕೊನೆಗೆ ಗಾಸ್ಟನ್ ಒಂದು ದೊಡ್ಡ ಪ್ರಶ್ನೆಯನ್ನು ಗಾಳಿಗೆ ಎಸೆದು, ಎರಡೂ ಕೈ ಚಾಚಿ ನಿಂತ. ಹಾಲಿನಲ್ಲಿ ಎಸಿಯ ಸದ್ದು ಬಿಟ್ಟರೆ ಬೇರೇನೂ ಇರಲಿಲ್ಲ. ಮದಾಮ್ ತನ್ನ ಬ್ಯಾಗಿನ ಜಿಪ್ ಎಳೆದಳು.

ಅಷ್ಟರಲ್ಲಿ ನಾಲ್ಕನೆಯ ಸಾಲಿನಿಂದ ತುಂಬು ಗಂಟಲಿನ ಒಂದು ದನಿ ಬಂತು. "ಹೌದಾ? ಆಮೇಲೆ?"

ವಿಠಲ ಮಾವ. ನಮ್ಮ ಕಡೆಯ ಆಟ ನೋಡಿದವರಿಗೆ ಗೊತ್ತಿರುತ್ತದೆ, ಹಾಸ್ಯಗಾರ ರಂಗಕ್ಕೆ ಬಂದರೆ ಅವನನ್ನು ಮಾತಾಡಿಸುವುದು ಭಾಗವತರ ಕರ್ತವ್ಯ. ಯಾರು ನೀನು, ಎಲ್ಲಿಂದ ಬಂದೆ, ಹೌದೋ, ಮತ್ತೆ ಎಂತಾಯಿತು ಎಂದು ಕೆಣಕುತ್ತಾ ಹೋಗಬೇಕು, ಅವನು ಅದಕ್ಕೆ ಉತ್ತರ ಕೊಡುತ್ತಾ ಹೋಗಬೇಕು. ಹಾಸ್ಯಗಾರನನ್ನು ರಂಗದ ನಡುವೆ ಅನಾಥನನ್ನಾಗಿ ನಿಲ್ಲಿಸಿ ಸುಮ್ಮನೆ ಕೂರುವುದು ಮಾವನ ಪಾಲಿಗೆ ಪಾಪ. ಅವರು ಅಷ್ಟು ಹೊತ್ತು ತಡೆದುಕೊಂಡದ್ದೇ ಹೆಚ್ಚು. ಆದರೆ ಇದೆಲ್ಲ ನನಗೆ ಹೊಳೆದದ್ದು ಆಮೇಲೆ. ಆ ಕ್ಷಣದಲ್ಲಿ ನನಗೆ ಅನಿಸಿದ್ದು, ಮುಗಿಯಿತು, ಇವನ ವೃತ್ತಿಯ ಮೇಲೆ ಚಪ್ಪಡಿ ಕಲ್ಲನ್ನು ನಮ್ಮ ಮನೆಯವರೇ ಎಳೆದರು ಎಂದು.

ಗಾಸ್ಟನ್ ಕೈ ಚಾಚಿದ ಹಾಗೆಯೇ ನಿಂತು ಮಾವನನ್ನು ನೋಡಿದ. ಆಮೇಲೆ ವೇದಿಕೆಯ ಅಂಚಿಗೆ ಬಂದು ಫ್ರೆಂಚಿನಲ್ಲಿ ಮೆಲ್ಲಗೆ ಏನೋ ಹೇಳಿದ, ದೂರು ಹೇಳುವವನ ಧಾಟಿಯಲ್ಲಿ.

"ಹಾಗೆಲ್ಲ ಹೇಳ್ಲಿಕ್ಕಾಗ್ತದಾ? ನಿನ್ನ ಹೆಂಡತಿ ಎಂತ ಹೇಳಿದ್ಳು?" ಎಂದರು ಮಾವ.

ಗಾಸ್ಟನ್ ಎದೆ ಬಡಿದುಕೊಂಡು ಇನ್ನೇನೋ ಹೇಳಿದ. ಅವನು ಹೇಳುತ್ತಿದ್ದದ್ದು ಆಸ್ಟ್ರೇಲಿಯಾದ ಡ್ರೈವಿಂಗ್ ಪರೀಕ್ಷೆಯ ವಿಷಯ ಎಂದು ನನಗೆ ಆಮೇಲೆ ತಿಳಿಯಿತು. ಮಾವನಿಗೆ ಅದು ಗೊತ್ತಾಗುವ ಬಗೆಯೇ ಇರಲಿಲ್ಲ. "ಅಯ್ಯೋ ಪಾಪ! ಮತ್ತೆ ಊಟಕ್ಕೆ ಎಂತ ಮಾಡಿದೆ?" ಎಂದು ಕೇಳಿದರು. ನಮ್ಮವರ ನಡುವೆ ಯಾರೋ ಕಿಸಕ್ಕೆಂದರು. ಗಾಸ್ಟನ್ ಮಾವನ 'ಅಯ್ಯೋ ಪಾಪ' ಎನ್ನುವುದನ್ನು ಅದೇ ದನಿಯಲ್ಲಿ, ಅದೇ ಗಂಟಲಿನಲ್ಲಿ ತಿರುಗಿಸಿ ಹೇಳಿ, ಅದಕ್ಕೆ ಫ್ರೆಂಚಿನಲ್ಲಿ ಒಂದು ಬಾಲ ಸೇರಿಸಿದ. ಫ್ರೆಂಚರು ಘೊಳ್ಳೆಂದರು. ಅವರ ನಗು ಕೇಳಿ ಮಾವ, "ಅವರು ನಗಾಡ್ತಾರೆ ಅಂತ ನೀನು ಹೆದರಬೇಡ, ನಾನಿದ್ದೇನೆ" ಎಂದರು. ನಮ್ಮವರು ಘೊಳ್ಳೆಂದರು. ಗಾಸ್ಟನ್‌ನ ಉತ್ತರಕ್ಕೆ ಆ ಕಡೆಯವರು, ಮಾವನ ಪ್ರಶ್ನೆಗೆ ಈ ಕಡೆಯವರು. ಸ್ವಲ್ಪ ಹೊತ್ತಿಗೆ ಯಾವ ಕಡೆ ಯಾರು ನಗುತ್ತಿದ್ದಾರೆ ಎನ್ನುವುದೇ ತಿಳಿಯದಾಯಿತು. ಮದಾಮ್ ಕರವಸ್ತ್ರದಿಂದ ಕಣ್ಣೊರೆಸಿಕೊಳ್ಳುತ್ತಾ ಮೈಕನ್ನು ಎತ್ತಿ ನಾಲ್ಕನೆಯ ಸಾಲಿನ ಕಡೆಗೆ ಹಿಡಿದಳು. ಕೊಲೆಟ್ ಬಾಗಿಲಿಗೆ ಒರಗಿ ನಗುತ್ತಿದ್ದಳೋ ಅಳುತ್ತಿದ್ದಳೋ ಹೇಳಲಾರೆ.

ಹಾಲಿನಲ್ಲಿ ನಗದೆ ಕೂತವನು ನಾನೊಬ್ಬನೇ. ಬೇಕೆಂದು ಅಲ್ಲ. ಆ ಗಂಟು ಇನ್ನೂ ಬಿಚ್ಚಿರಲಿಲ್ಲ. ಇನ್ನೊಂದು ಮಾತು ತಪ್ಪಿದರೆ ಎಲ್ಲ ಕುಸಿದು ಬೀಳುತ್ತದೆ ಎಂದು ಕುರ್ಚಿಯ ಕೈ ಗಟ್ಟಿಯಾಗಿ ಹಿಡಿದುಕೊಂಡು ಕೊನೆಯವರೆಗೂ ಕೂತಿದ್ದೆ. ಕೊನೆಗೆ ಗಾಸ್ಟನ್ ಕೆಳಗಿಳಿದು ಮಾವನ ಎರಡೂ ಕೈ ಹಿಡಿದುಕೊಂಡ. ನಾಗರಾಜರು ಇದಕ್ಕೇ ಕಾಯುತ್ತಿದ್ದವರಂತೆ ಶಾಲು ತಂದು ಅವನಿಗೆ ಹೊದೆಸಿದರು, ಹಣ್ಣಿನ ತಟ್ಟೆ ಕೊಟ್ಟರು. ಅವನು ಅದನ್ನು ಮಾವನಿಗೆ ಕೊಟ್ಟ. ಮಾವ ಅದರಿಂದ ಒಂದು ಬಾಳೆಹಣ್ಣು ಮುರಿದು ಅವನಿಗೇ ಕೊಟ್ಟು, ನನ್ನ ಕಡೆ ತಿರುಗಿ, "ಎಷ್ಟು ಕಾಲ ಆಯ್ತು ವಾಸು, ಎದುರು ಮಾತಾಡುವ ಒಬ್ಬ ಸಿಕ್ಕಿ" ಎಂದರು. ಅವರ ಕಣ್ಣು ಒದ್ದೆಯಾಗಿತ್ತು. ನನ್ನದೂ ಆಯಿತು, ಮುಚ್ಚುಮರೆ ಏನಿಲ್ಲ.

ಸೋಮವಾರ ಊಟದ ವೇಳೆಗೆ ಗಾಸ್ಟನ್ ಕೊಲೆಟ್ ಮಾಡಿದ ಕೇಕಿನ ಡಬ್ಬಿ ಹಿಡಿದು ಬೆಂಚಿಗೆ ಬಂದ. ಮದಾಮ್ ಬೆಳಿಗ್ಗೆಯೇ ಫೋನ್ ಮಾಡಿದ್ದಳು. ಹಾಸ್ಯದ ಭಾಗ ಅವನದೇ. ತಿಂಗಳಿಗೊಂದು ಶನಿವಾರ ಸಿಡ್ನಿಯಲ್ಲಿ ಜನರ ಮುಂದೆ ಪ್ರದರ್ಶನ, ಅದನ್ನೇ ತುಂಡು ಮಾಡಿ ವಾರ ವಾರ ಪ್ರಸಾರ. ನಾಲ್ಕನೆಯ ಸಾಲಿನ ಆ ಹಿರಿಯರು ಪ್ರತಿ ಸಲವೂ ಬರಲೇಬೇಕಂತೆ, ಬಳಗದವರು ಬಂದರೆ ಬಹಳ ಸಂತೋಷವಂತೆ. ಮಾವನಿಗೆ ಆಗಲೇ ಫೋನ್ ಮಾಡಿ ಒಪ್ಪಿಸಿಯೂ ಆಗಿತ್ತು. ಇವನಿಗೆ ಕನ್ನಡ ಬಾರದು, ಅವರ ಇಂಗ್ಲಿಷ್ ಬ್ಯಾಂಕಿನ ಪತ್ರಗಳಷ್ಟು ಹಳೆಯದು, ಆದರೂ ಹೇಗೋ ಒಪ್ಪಿಸಿದ್ದ. ನಾನು ಕೈ ಕುಲುಕಿದೆ. ನಿಜಕ್ಕೂ ಸಂತೋಷವಾಗಿತ್ತು. ಮುಂದಿನ ಶನಿವಾರ ಯಾವುದು ಹೇಳು, ಈಗಲೇ ವಿಮಾನದ ಟಿಕೆಟ್ ಬುಕ್ ಮಾಡಿಬಿಡುತ್ತೇನೆ ಎಂದೆ.

ಗಾಸ್ಟನ್ ಡಬ್ಬಿಯ ಮುಚ್ಚಳವನ್ನು ತೆಗೆಯುವುದು, ಹಾಕುವುದು ಮಾಡತೊಡಗಿದ. "ಮದಾಮ್ ಒಂದೇ ಒಂದು ಷರತ್ತು ಹಾಕಿದ್ದಾಳೆ" ಎಂದ. "ತಪ್ಪು ತಿಳಿಯಬೇಡ ವಾಸು. ಮುಂದಿನ ಸಾಲಿನಲ್ಲಿ ಕೂತಿದ್ದ ಆ ಮನುಷ್ಯ ಇನ್ನು ಬರುವುದು ಬೇಡ ಎಂದಿದ್ದಾಳೆ. ಯಾರನ್ನೋ ಸ್ಮಶಾನಕ್ಕೆ ಕಳಿಸಿ ನೇರವಾಗಿ ಬಂದವನ ಹಾಗಿದ್ದನಂತೆ. ಟೇಪಿನ ತುಂಬ ಅವನ ಕೆಮ್ಮೇ ಇದೆಯಂತೆ. ಅವನಿಗೆ ಹಾಸ್ಯಪ್ರಜ್ಞೆ ಇಲ್ಲದಿರಬಹುದು ಪಾಪ, ಎಂದಳು."

ನಾನು ಅವನ ಮುಖ ನೋಡಿದೆ. ಹೊಟ್ಟೆಯಲ್ಲಿ ಗುಡುಗಿತು. ಭುಜ ಕುಣಿಯಿತು. ಆಮೇಲೆ ಬಂದದ್ದು ಎಂಥ ನಗುವೆಂದರೆ, ನೀರಿನಂಚಿನಲ್ಲಿದ್ದ ಸೀಗಲ್‌ಗಳೆಲ್ಲ ಒಟ್ಟಿಗೆ ಎದ್ದು ಹಾರಿಹೋದವು, ಟ್ರಾಮಿಗೆ ಕಾಯುತ್ತಿದ್ದವರು ಕತ್ತು ತಿರುಗಿಸಿದರು, ಕ್ರೇನಿನ ಬುಡದಲ್ಲಿದ್ದ ಕೆಲಸಗಾರನೊಬ್ಬ ಹೆಲ್ಮೆಟ್ ತೆಗೆದು ನೋಡಿದ. ನಾನು ಬೆಂಚಿನಿಂದ ಜಾರಿ ನೆಲದ ಮೇಲೆ ಕೂತು ಕಣ್ಣೀರು ಸುರಿಸುತ್ತಾ ನಕ್ಕೆ. ಗಾಸ್ಟನ್ ನಗಲಿಲ್ಲ. ಅವನು ಕೇಕಿನ ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು, ಬಹಳ ನೊಂದ ದನಿಯಲ್ಲಿ ಕೇಳಿದ:

"ಶನಿವಾರ ಇದು ಎಲ್ಲಿ ಹೋಗಿತ್ತು?"

ಉತ್ತರ ಹೇಳೋಣವೆಂದು ಬಾಯಿ ತೆರೆದೆ. ಕೆಮ್ಮು ಬಂತು.